ಟಾಲ್‌ಸ್ಟಾಯ್‌ನ ಪತ್ರಗಳು ಮತ್ತು ದಿನಚರಿಗಳು: ಓದುವ ಕ್ರಮವನ್ನು ಕುರಿತ ಒಂದು ವಿಚಾರ

ಮಾಸ್ತಿಯವರು ಟಾಲ್‌ಸ್ಟಾಯ್‌ನನ್ನು ಕುರಿತು ಬರೆದ ಕಥೆಗೆ ಇಟ್ಟ ಹೆಸರು 'ಟಾಲ್‌ಸ್ಟಾಯ್ ಮಹರ್ಷಿಯ ಭೂರ್ಜವೃಕ್ಷಗಳು'. ಮಾಸ್ತಿಯವರ ಮಾಲೂರು ಸೀಮೆ ಬಂಗಾರಪೇಟೆಗೆ ನೆರೆಯದು. ಈ ಭಾಗದ ವಿದ್ಯಾರ್ಥಿಗಳಿಗೆ ಆ ಕಥೆಯಲ್ಲಿ ಒಂದಿಷ್ಟು ಸಲಿಗೆ ಇರುವುದು ಸಹಜವೇ. ಆದರೆ ಶೀರ್ಷಿಕೆಯ 'ಮಹರ್ಷಿ' ಎಂಬ ಮಾತನ್ನು ಮನಸ್ಸಿನಲ್ಲಿಟ್ಟುಕೊಂಡು ಆ ಕಾದಂಬರಿಕಾರನ ದಿನಚರಿಗಳನ್ನು ತೆರೆದವನಿಗೆ ಕಾಣುವುದು ಬೇರೊಬ್ಬ ಮನುಷ್ಯ. ಜೂಜು, ಕಾಮ, ಸೋಮಾರಿತನ, ಹೊಗಳಿಕೆಯ ಹಸಿವು, ಕೊನೆಯಲ್ಲಿ ಮಡದಿಯೊಡನೆ ಮುಗಿಯದ ಕಲಹ. ಇದನ್ನು ಕಂಡು ಕೆಲವರು ಪುಸ್ತಕವನ್ನು ಮುಚ್ಚಿ ಮಹರ್ಷಿಯನ್ನು ಉಳಿಸಿಕೊಳ್ಳುತ್ತಾರೆ. ಕೆಲವರು ಇವನು ಆಷಾಢಭೂತಿಯೆಂದು ತೀರ್ಮಾನಿಸಿಬಿಡುತ್ತಾರೆ. ಈ ಎರಡು ತೀರ್ಪುಗಳೂ ಒಂದೇ ತಪ್ಪಿನಿಂದ ಹುಟ್ಟಿದವೆಂದು ನಮಗೆ ತೋರುತ್ತದೆ. ಖಾಸಗಿ ಬರವಣಿಗೆಯೆಲ್ಲ ಒಂದೇ ಜಾತಿಯದು, ಅಲ್ಲಿ ಬರೆದಿರುವುದೇ ನಿಜವಾದ ಮನುಷ್ಯ ಎಂಬ ನಂಬಿಕೆಯೇ ಆ ತಪ್ಪು.

ಮೊದಲು ಸಾಮಗ್ರಿಯ ಗಾತ್ರವನ್ನು ನೋಡೋಣ. 1928ರಿಂದ 1958ರವರೆಗೆ ರಷ್ಯದಲ್ಲಿ ಹೊರಬಂದ ತೊಂಬತ್ತು ಸಂಪುಟಗಳ ಸಮಗ್ರ ಆವೃತ್ತಿಯಲ್ಲಿ ಹದಿಮೂರು ದಿನಚರಿಗಳಿಗೆ, ಮೂವತ್ತೊಂದು ಪತ್ರಗಳಿಗೆ ಮೀಸಲು. ಅಂದರೆ ಒಟ್ಟು ಬರವಣಿಗೆಯ ಹತ್ತಿರಹತ್ತಿರ ಅರ್ಧಭಾಗ. ಇಂಗ್ಲಿಷಿನಲ್ಲಿ ಆರ್. ಎಫ್. ಕ್ರಿಶ್ಚಿಯನ್ ಆಯ್ದುಕೊಟ್ಟ ಪತ್ರಗಳು (1978), ದಿನಚರಿಗಳು (1985) ನಮ್ಮ ಅಧ್ಯಾಪಕರಿಗೆ ಸಾಕಾಗಬಹುದು.

ದಿನಚರಿಯನ್ನು ಆತ 1847ರಲ್ಲಿ, ಇನ್ನೂ ಹದಿನೆಂಟರ ಪ್ರಾಯದಲ್ಲಿ ಆರಂಭಿಸಿದ. ನಡುವೆ ವರ್ಷಗಟ್ಟಲೆ ಬಿಟ್ಟದ್ದುಂಟು. ಆದರೂ ಸಾಯುವ ಹೊತ್ತಿನವರೆಗೆ ಆ ಅಭ್ಯಾಸ ಅಳಿಯಲಿಲ್ಲ. ಅದು ನ್ಯಾಯಾಲಯವೊಂದರ ಕಡತದಂತಿದೆ. ಆರೋಪಿ, ಸಾಕ್ಷಿ, ನ್ಯಾಯಾಧೀಶ ಮೂವರೂ ಒಬ್ಬನೇ. ಅಲ್ಲಿ ಬರುವುದೆಲ್ಲ ದೋಷಗಳ ಲೆಕ್ಕ. ಒಳ್ಳೆಯದಾಗಿ ಕಳೆದ ದಿನಕ್ಕೆ ಅಲ್ಲಿ ಹೆಚ್ಚು ಸ್ಥಳವಿಲ್ಲ. ಕಡತವನ್ನೇ ಜೀವನಚರಿತ್ರೆಯೆಂದು ಓದುವವನು ಮೋಸಹೋಗುತ್ತಾನೆ.

1862ರಲ್ಲಿ, ಮದುವೆಗೆ ಮುಂಚೆ, ಮೂವತ್ತನಾಲ್ಕು ವರ್ಷದ ಟಾಲ್‌ಸ್ಟಾಯ್ ತನ್ನ ಹಳೆಯ ದಿನಚರಿಗಳನ್ನು ಹದಿನೆಂಟು ವರ್ಷದ ಸೋಫಿಯಾಳ ಕೈಗೆ ಕೊಟ್ಟ. ತನ್ನಲ್ಲಿ ಮುಚ್ಚುಮರೆ ಇರಬಾರದೆಂಬುದು ಅವನ ಉದ್ದೇಶ. ಆಕೆಗೆ ಆದ ಆಘಾತ ಜೀವಮಾನವಿಡೀ ಆರಲಿಲ್ಲವೆಂಬುದಕ್ಕೆ ಆಕೆಯ ದಿನಚರಿಗಳೇ ಸಾಕ್ಷಿ. ಇದೇ ಪ್ರಸಂಗ 'ಅನ್ನಾ ಕರೆನಿನಾ'ದಲ್ಲಿ ಲೆವಿನ್ ಮತ್ತು ಕಿಟಿಯರ ಕಥೆಯಾಗಿ ಬರುತ್ತದೆ. ವ್ಯತ್ಯಾಸವನ್ನು ಗಮನಿಸಬೇಕು. ದಿನಚರಿ ಬರೆಯುವಾಗ ಟಾಲ್‌ಸ್ಟಾಯ್‌ಗೆ ಕಾಣುವುದು ತನ್ನ ಪಾಪ ಮಾತ್ರ. ಕಾದಂಬರಿ ಬರೆಯುವಾಗ ಅದನ್ನು ಓದಿ ಅತ್ತ ಹುಡುಗಿಯ ಮುಖ ಕಾಣುತ್ತದೆ. ಆ ಮುಖವನ್ನು ನೋಡಿದ ಮೇಲೆಯೇ ಲೆವಿನ್‌ಗೆ ತಾನು ಮಾಡಿದ್ದೇನೆಂಬುದು ಅರ್ಥವಾಗುವುದು. ಪ್ರಾಮಾಣಿಕತೆಯೂ ಒಂದು ಬಗೆಯ ಕ್ರೌರ್ಯವಾಗಬಲ್ಲದೆಂಬುದನ್ನು ದಿನಚರಿಕಾರ ಅರಿತಿರಲಿಲ್ಲ, ಕಾದಂಬರಿಕಾರ ಅರಿತ. ಈ ಒಂದು ಕಾರಣಕ್ಕಾಗಿಯೇ, ಖಾಸಗಿ ಬರವಣಿಗೆ ಕಲಾಕೃತಿಗಿಂತ ಹೆಚ್ಚು ಸತ್ಯವೆಂಬ ವಾದವನ್ನು ನಾವು ಒಪ್ಪಲಾರೆವು.

ಪತ್ರಗಳ ಮಾತು ಬೇರೆ. ಪತ್ರಕ್ಕೆ ಎದುರಿಗೊಬ್ಬನಿರುತ್ತಾನೆ. ಕೆಲವೊಮ್ಮೆ ಆ ಒಬ್ಬನ ಹಿಂದೆ ಲೋಕವೇ ನಿಂತಿರುತ್ತದೆ. ತಾರಕನಾಥ ದಾಸರಿಗೆ ಉತ್ತರವಾಗಿ ಟಾಲ್‌ಸ್ಟಾಯ್ 1908ರಲ್ಲಿ ತಿಂಗಳುಗಟ್ಟಲೆ ತಿದ್ದಿತಿದ್ದಿ ಬರೆದ 'ಹಿಂದೂವೊಬ್ಬನಿಗೆ ಪತ್ರ' ಹೆಸರಿಗೆ ಕಾಗದ, ರೂಪದಲ್ಲಿ ಪ್ರಬಂಧ. ಅದರ ಭಾಗಗಳ ತಲೆಯಲ್ಲಿ ಆತ ಇಟ್ಟ ಉದ್ಧರಣೆಗಳಲ್ಲಿ ತಿರುಕ್ಕುರಳಿನ ಮಾತುಗಳೂ ಇವೆ. ಪರರಿಗೆ ನೋವು ಮಾಡದಿರುವುದನ್ನು ಕುರಿತ ಅಧಿಕಾರದಿಂದ ಬಂದವು. ಕೋಲಾರದ ಚಿನ್ನದ ಗಣಿಯ ಕಾಲೇಜಿನಲ್ಲಿ ಪಾಠ ಹೇಳುವವರು ಇದನ್ನು ಮರೆಯಬಾರದು. ಅಲ್ಲಿ ಅನೇಕ ವಿದ್ಯಾರ್ಥಿಗಳ ಮನೆಮಾತು ತಮಿಳು; ಯಾಸ್ನಾಯ ಪೊಲ್ಯಾನದ ಮುದುಕ ಕುರಳನ್ನು ಕೈಗೆತ್ತಿಕೊಂಡಿದ್ದನೆಂದು ತಿಳಿಸಿದರೆ ಪಾಠ ಅರ್ಧ ಮುಗಿದಂತೆ.

ಈ ಪತ್ರವನ್ನು ಗುಜರಾತಿಗೆ ತಂದವರು ಗಾಂಧೀಜಿ. 1909ರ ಅಕ್ಟೋಬರಿನಲ್ಲಿ ಲಂಡನ್ನಿನಿಂದ ಅವರು ಟಾಲ್‌ಸ್ಟಾಯ್‌ಗೆ ಮೊದಲ ಕಾಗದ ಬರೆದರು. ವಿಷಯ, ಟ್ರಾನ್ಸ್‌ವಾಲಿನ ಭಾರತೀಯರ ಹೋರಾಟ. ಆ ಟ್ರಾನ್ಸ್‌ವಾಲೂ ಚಿನ್ನದ ಗಣಿಗಳ ನಾಡೇ. ಅಲ್ಲಿ ಜಗಳ ಹೊತ್ತಿಕೊಂಡದ್ದು ಬೆರಳಚ್ಚು ಕೊಟ್ಟು ಹೆಸರು ನೋಂದಾಯಿಸಬೇಕೆಂಬ ಕಾನೂನಿನಿಂದ. 1930ರಲ್ಲಿ ನಮ್ಮ ಕೋಲಾರದ ಗಣಿಗಳಲ್ಲಿ ಕಾರ್ಮಿಕರು ಮುಷ್ಕರ ಹೂಡಿದ್ದೂ ಬೆರಳಚ್ಚಿನ ನೋಂದಣಿಯನ್ನು ಪ್ರತಿಭಟಿಸಿಯೇ. ಒಂದರಿಂದ ಇನ್ನೊಂದು ಹುಟ್ಟಿತೆಂದು ನಾವು ಹೇಳುತ್ತಿಲ್ಲ. ಅಂಥ ಸಂಬಂಧವನ್ನು ಕಲ್ಪಿಸುವುದು ಸಂಶೋಧನೆಯಲ್ಲ. ಆದರೆ ಟ್ರಾನ್ಸ್‌ವಾಲಿನಲ್ಲಿ ನಡೆಯುತ್ತಿರುವ ಕೆಲಸ ಲೋಕದ ಅಂಚಿನದಾಗಿ ಕಂಡರೂ ಲೋಕಕ್ಕೆಲ್ಲ ಅತಿ ಮುಖ್ಯವಾದದ್ದೆಂದು ಟಾಲ್‌ಸ್ಟಾಯ್ ಬರೆದ ಮಾತಿನ ತೂಕ, 2001ರಲ್ಲಿ ಮುಚ್ಚಿದ ಗಣಿಗಳ ಮಣ್ಣುದಿಬ್ಬಗಳ ನೆರಳಿನಲ್ಲಿ ಬೆಳೆದವರಿಗೆ ಬೇಗ ತಿಳಿಯುತ್ತದೆ.

ಆ ಮಾತಿರುವುದು ಗಾಂಧೀಜಿಗೆ ಬರೆದ ಕೊನೆಯ, ದೀರ್ಘವಾದ ಪತ್ರದಲ್ಲಿ. ತಾರೀಖು, ಹಳೆಯ ರಷ್ಯನ್ ಪಂಚಾಂಗದ ಪ್ರಕಾರ 1910ರ ಸೆಪ್ಟೆಂಬರ್ 7. ಪ್ರೀತಿಯೊಂದೇ ಬದುಕಿನ ನಿಯಮ, ಬಲಪ್ರಯೋಗಕ್ಕೆ ಒಮ್ಮೆ ಎಡೆಗೊಟ್ಟರೂ ಆ ನಿಯಮ ಉಳಿಯದು ಎಂಬುದು ಅದರ ಸಾರ. ಅದೇ ತಿಂಗಳುಗಳಲ್ಲಿ ಅವನ ಸಂಸಾರದ ಸ್ಥಿತಿ ಏನು? ಜುಲೈನಲ್ಲಿ ಮಡದಿಗೆ ತಿಳಿಯದಂತೆ ಕಾಡಿನಲ್ಲಿ ಮರಣಶಾಸನಕ್ಕೆ ಸಹಿ ಹಾಕಿದ್ದ. ಅದೇ ತಿಂಗಳ ಕೊನೆಯಲ್ಲಿ, ಎಲ್ಲರೂ ಓದುವ ದಿನಚರಿ ಸಾಲದೆಂದು, 'ನನಗೊಬ್ಬನಿಗೇ' ಎಂಬ ಇನ್ನೊಂದನ್ನು ಗುಟ್ಟಾಗಿ ಆರಂಭಿಸಿದ್ದ. ಬಚ್ಚಿಟ್ಟರೂ ಅದು ಆಕೆಯ ಕೈಗೆ ಸಿಕ್ಕಿತು. ಪತ್ರ ಬರೆದದ್ದು ಸಹ ಮನೆಯಲ್ಲಿ ಅಲ್ಲ, ಮಗಳು ತಾನ್ಯಾಳ ಊರಾದ ಕೊಚೆತಿಯಲ್ಲಿ.

ಇವೆರಡನ್ನೂ ಎದುರುಬದುರು ಇಟ್ಟಾಗ ಪತ್ರ ಸುಳ್ಳಾಗುವುದೆ? ನಮ್ಮ ಅಭಿಪ್ರಾಯದಲ್ಲಿ ಇಲ್ಲ. ಪ್ರೀತಿಯ ನಿಯಮ ಎಷ್ಟು ಕಷ್ಟವೆಂದು ದಿನವೂ ಸೋತು ಅರಿತವನು ಬರೆದ ಪತ್ರ ಅದು. ಆದರೆ ಸೋಫಿಯಾಳ ದಿನಚರಿಯನ್ನು ಬದಿಗೆ ಸರಿಸಿ ಇದನ್ನು ಪಾಠ ಮಾಡಿದರೆ ನಾವೂ ಮದುವೆಗೆ ಮುಂಚಿನ ಲೆವಿನ್‌ನಂತೆ ಅಳುವ ಮುಖವನ್ನು ಕಾಣದವರಾಗುತ್ತೇವೆ. ಆಕೆ 'ಯುದ್ಧ ಮತ್ತು ಶಾಂತಿ'ಯ ಹಸ್ತಪ್ರತಿಯನ್ನು ಮತ್ತೆ ಮತ್ತೆ ನಕಲು ಮಾಡಿದ ಹೆಂಗಸು. ಪಠ್ಯದಲ್ಲಿ ಆಕೆಗೆ ಒಂದು ಅಡಿಟಿಪ್ಪಣಿ ಸಾಲದು.

ಆ ಕೊನೆಯ ಪತ್ರ ಗಾಂಧೀಜಿಯ 'ಇಂಡಿಯನ್ ಒಪೀನಿಯನ್' ಪತ್ರಿಕೆಯಲ್ಲಿ 1910ರ ನವೆಂಬರ್ 26ರಂದು ಅಚ್ಚಾಯಿತು. ಅಷ್ಟರಲ್ಲಿ ಟಾಲ್‌ಸ್ಟಾಯ್ ಮನೆ ಬಿಟ್ಟು ಹೊರಟು, ಆಸ್ತಾಪೊವೊ ರೈಲು ನಿಲ್ದಾಣದಲ್ಲಿ ತೀರಿಕೊಂಡು ಆರು ದಿನಗಳಾಗಿದ್ದವು.