ಅಗ್ರಹಾರವನ್ನು ಕಂಡ ವಿದೇಶೀಯ ದೃಷ್ಟಿ

೧೯೭೦ರ ‘ಸಂಸ್ಕಾರ’ ಚಿತ್ರದ ಕೀರ್ತಿಯನ್ನು ಅನಂತಮೂರ್ತಿಯವರ ಕಥೆಗೂ ಪಟ್ಟಾಭಿರಾಮ ರೆಡ್ಡಿಯವರ ನಿರ್ದೇಶನಕ್ಕೂ ಸಲ್ಲಿಸಿ ವಿಮರ್ಶಕರು ತೃಪ್ತರಾಗುವರು. ಛಾಯಾಗ್ರಾಹಕರು ಆಸ್ಟ್ರೇಲಿಯದ ಟಾಮ್ ಕೋವನ್. ಮಾಧ್ವರ ಮಡಿಮೈಲಿಗೆಗಳನ್ನರಿಯದವರು ಅಗ್ರಹಾರವನ್ನು ಹೇಗೆ ತೋರಿಸಿಯಾರೆಂದು ಕೆಲವರ ಆಕ್ಷೇಪ. ಪಾಠಶಾಲೆಯಲ್ಲಿ ಬೆಳೆದ ನನಗೆ ಆ ಅರಿಯದಿರುವಿಕೆಯೇ ಗುಣವಾಗಿ ತೋರಿತು.

ಕೋವನ್ನರು ಸಾಕ್ಷ್ಯಚಿತ್ರಗಳಲ್ಲಿ ಪಳಗಿದವರು. ಶೃಂಗೇರಿಯ ಬಳಿಯ ವೈಕುಂಠಪುರದ ಬೀದಿಯನ್ನೂ ಜಗಲಿಯನ್ನೂ ಅವರು ಅಲಂಕರಿಸಲಿಲ್ಲ, ಹಳಿಯಲೂ ಇಲ್ಲ. ನಾರಣಪ್ಪನ ಶವವು ಸಂಸ್ಕಾರವಿಲ್ಲದೆ ಬಿದ್ದಿರಲು, ಉಪವಾಸದಿಂದಿರುವ ಬ್ರಾಹ್ಮಣರ ಹಸಿವು, ಚಂದ್ರಿಯ ಒಡವೆಗಳ ಮೇಲಣ ಆಶೆ, ಭಯ, ಇವೆಲ್ಲ ಮುಖಗಳಲ್ಲಿ ಕಪ್ಪುಬಿಳುಪಾಗಿ ನಿಲ್ಲುವುವು. ನಮ್ಮವರಾಗಿದ್ದರೆ ಭಕ್ತಿಯಿಂದ ಮರೆಮಾಚುತ್ತಿದ್ದರು, ಇಲ್ಲವೆ ರೋಷದಿಂದ ಹಿಗ್ಗಿಸುತ್ತಿದ್ದರು.

ನ್ಯೂನತೆಯಿಲ್ಲದಿಲ್ಲ. ಪ್ರಾಣೇಶಾಚಾರ್ಯರು ಅಗ್ರಹಾರವನ್ನು ತೊರೆದ ಬಳಿಕ, ಕಾದಂಬರಿಯಲ್ಲಿ ಪುಟಗಟ್ಟಲೆ ನಡೆಯುವ ಆತ್ಮವಿಚಾರವು ತೆರೆಯ ಮೇಲೆ ಬರಿಯ ನಡಿಗೆಯಾಗಿ ಉಳಿಯಿತು. (ಕಣ್ಣಿಗೆ ಕಾಣದುದನ್ನು ಹಿಡಿಯಲು ಯಾವ ಯಂತ್ರಕ್ಕೆ ಸಾಧ್ಯ!) ಆ ದೋಷವನ್ನು ಛಾಯಾಗ್ರಾಹಕರೊಬ್ಬರ ಮೇಲೆ ಹೊರಿಸಲಾಗದು.

ಕೋವನ್ನರು ಮುಂದೆ ತಮ್ಮ ನಾಡಿನಲ್ಲಿಯೇ ನಿರ್ದೇಶಕರಾದರು. ೧೯೭೭ರ ‘ಘಟಶ್ರಾದ್ಧ’ದಲ್ಲಿ ನಮ್ಮವರೇ ಆದ ಎಸ್. ರಾಮಚಂದ್ರರು ವೇದಪಾಠಶಾಲೆಯ ಅಂಗಳವನ್ನು ಕಪ್ಪುಬಿಳುಪಿನಲ್ಲಿಯೇ ತೋರಿದರು. ಅಲ್ಲಿ ಬಾಲಕನೊಬ್ಬನ ಕಣ್ಣಿನಿಂದ ನೋಡುವುದರಿಂದ ಕರುಣವು ಹೆಚ್ಚು, ತಾಟಸ್ಥ್ಯವು ಕಡಿಮೆ. ಎರಡನ್ನೂ ಒಂದೇ ವಾರದಲ್ಲಿ ನೋಡಬೇಕೆಂದು ನಮ್ಮ ಸಂಘದ ಸದಸ್ಯರಿಗೆ ಸೂಚಿಸುವೆನು.