ಹಾವಿನ ಕಡೆಯಿಂದ ನೋಡಿದ ಹಡಗು

ಹಡಗನ್ನೇ ಸುತ್ತಿ ಮುರಿಯುವಂಥ ಕಡಲ ಸರ್ಪವನ್ನು ಕಂಡೆವೆಂದವರು ಬಹಳ ಜನ. ಹಿಡಿದು ತಂದವರು ಯಾರೂ ಇಲ್ಲ. (ನಮ್ಮ ಕರಾವಳಿಯ ಬಲೆಗಳಿಗೆ ಬೀಳುವ ಪುಟ್ಟ ಕಡಲ ಹಾವಿನ ಮಾತಲ್ಲ ಇದು.) 1848ರ ಆಗಸ್ಟ್‌ನಲ್ಲಿ ದಕ್ಷಿಣ ಅಟ್ಲಾಂಟಿಕ್ ಸಾಗರದಲ್ಲಿ 'ಡೀಡಲಸ್' ಎಂಬ ಬ್ರಿಟಿಷ್ ನೌಕೆಯ ಕಪ್ತಾನ ಮತ್ತು ಅವನ ಅಧಿಕಾರಿಗಳು ಅಂಥದೊಂದನ್ನು ಕಂಡೆವೆಂದು ವರದಿಯನ್ನೇ ಕೊಟ್ಟರು. ಪ್ರಾಣಿಶಾಸ್ತ್ರಜ್ಞ ರಿಚರ್ಡ್ ಓವನ್, ಅದು ದೊಡ್ಡ ಸೀಲ್ ಇದ್ದೀತು ಎಂದು ತಳ್ಳಿಹಾಕಿದ. 1981ರಲ್ಲಿ ಲೆನ್ ಮತ್ತು ಶ್ರೋಡರ್ ಎಂಬಿಬ್ಬರು 'ನೇಚರ್' ಪತ್ರಿಕೆಯಲ್ಲಿ ಉತ್ತರದ ಕಡಲಿನ 'ಮತ್ಸ್ಯಮಾನವ'ನ ಬಗ್ಗೆ ಬರೆಯುತ್ತ ಇನ್ನೊಂದು ದಾರಿ ತೋರಿಸಿದರು. ತಣ್ಣನೆಯ ಗಾಳಿಯ ಮೇಲೆ ಬೆಚ್ಚನೆಯ ಗಾಳಿ ಪದರಗಟ್ಟಿದಾಗ ಬೆಳಕು ಬಾಗುತ್ತದೆ. ನೀರಿನಿಂದ ತಲೆಯೆತ್ತಿದ ಸಾಮಾನ್ಯ ಪ್ರಾಣಿಯೂ ದೂರದಿಂದ ಕಂಬದಂತೆ ಉದ್ದವಾಗಿ ಕಾಣುತ್ತದೆ. ಅಂದರೆ ಎಷ್ಟೋ ಸಲ ರಾಕ್ಷಸನನ್ನು ಹುಟ್ಟಿಸಿದ್ದು ನೋಡುವವನು ನಿಂತ ಜಾಗ.

ಕಥೆ ಬರೆಯುವವರೂ ಬಹುಪಾಲು ಆ ಹಡಗಿನ ಮೇಲೇ ನಿಂತು ಬರೆದವರು. ಸಿ. ಎಸ್. ಲೂಯಿಸ್ 1952ರಲ್ಲಿ ಪ್ರಕಟಿಸಿದ 'ದ ವಾಯೇಜ್ ಆಫ್ ದ ಡಾನ್ ಟ್ರೆಡರ್' ಎಂಬ ಮಕ್ಕಳ ಕಾದಂಬರಿಯಲ್ಲಿ ಸರ್ಪವೊಂದು ಹಡಗನ್ನು ಸುತ್ತಿಕೊಳ್ಳುತ್ತದೆ. ಎಲ್ಲರೂ ಸೇರಿ ಅದನ್ನು ತಳ್ಳಿಬಿಟ್ಟ ಮೇಲೆ ಆ ದಡ್ಡ ಪ್ರಾಣಿ, ಹಡಗು ಪುಡಿಯಾಗಿದೆ ಎಂದುಕೊಂಡು ತನ್ನ ಮೈಯುದ್ದಕ್ಕೂ ಚೂರುಗಳನ್ನು ಹುಡುಕುತ್ತದೆ! ಓದಿ ನಕ್ಕುಬಿಡುತ್ತೇವೆ. ಹಾವಿಗೆ ಏನನಿಸಿತು ಎಂದು ಯಾರೂ ಕೇಳುವುದಿಲ್ಲ.

ಕೇಳಿದವಳು ರಾಬಿನ್ ಹಾಬ್. ಹೆಸರು ನೋಡಿ ಗಂಡಸೆಂದುಕೊಳ್ಳಬೇಡಿ. ಇದು 1952ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಹುಟ್ಟಿದ ಮಾರ್ಗರೆಟ್ ಓಗ್ಡನ್ ಎಂಬ ಲೇಖಕಿಯ ಕಾವ್ಯನಾಮ. ಆಕೆಯ 'ಲಿವ್‌ಶಿಪ್ ಟ್ರೇಡರ್ಸ್' 1998ರಿಂದ 2000ದವರೆಗೆ ಬಂದ ಮೂರು ಸಂಪುಟಗಳ ಕಾದಂಬರಿ. ಒಂದೊಂದೂ ತಲೆದಿಂಬಿನಷ್ಟು ದಪ್ಪ. ಮಧ್ಯಾಹ್ನ ಪಾತ್ರೆ ತೊಳೆದಿಟ್ಟ ಮೇಲಿನ ಒಂದು ಗಂಟೆಯಲ್ಲಿ ಓದಿದ ನನಗೆ ಮೂರೂ ಮುಗಿಯುವಷ್ಟರಲ್ಲಿ ಒಂದು ಮಳೆಗಾಲವೇ ಕಳೆಯಿತು.

ಮೊದಲ ಸಂಪುಟದ ಮೊದಲ ಪುಟಗಳಲ್ಲಿ ಮನುಷ್ಯರೇ ಇಲ್ಲ. ಕಡಲ ತಳದ ಕೆಸರಿನಲ್ಲಿ ಹೊರಳಾಡುತ್ತ ಹಾವುಗಳ ಗುಂಪೊಂದು ಮಾತಾಡಿಕೊಳ್ಳುತ್ತದೆ. ಅವುಗಳ ಪಾಲಿಗೆ ನೀರೆಂದರೆ 'ಸಮೃದ್ಧಿ', ಮೇಲಿನ ಗಾಳಿಯೆಂದರೆ 'ಕೊರತೆ'. ನಾವು ಉಸಿರಾಡುವ ಜಾಗಕ್ಕೆ ಅವರಿಟ್ಟ ಹೆಸರು ನೋಡಿ! ಮುಂದಾಳು ಮಾಲ್ಕಿನ್. (ಹಿಂದಿಯ ಯಜಮಾನಿಯಲ್ಲ, ಗಂಡು ಹಾವು.) ಅವನ ಮೈಯುದ್ದಕ್ಕೂ ಕಣ್ಣಿನಾಕಾರದ ಬೊಟ್ಟುಗಳಿವೆ. ಏನಾದರೂ ನೆನಪಾದಾಗ ಅವು ಚಿನ್ನದ ಬಣ್ಣಕ್ಕೆ ಹೊಳೆಯುತ್ತವೆ. ಬೆಳಕಿನ ಆಟ ಇಲ್ಲಿ ಓದುಗರನ್ನು ಬೆರಗುಗೊಳಿಸಲಿಕ್ಕೆ ಇಟ್ಟದ್ದಲ್ಲ. ಆ ಹಾವುಗಳಿಗೆ ಮರೆವು ಬಂದಿದೆ; ತಾವು ಯಾರು, ಎಲ್ಲಿಗೆ ಹೋಗಬೇಕು ಎಂಬುದೇ ನೆನಪಿಲ್ಲ. ಹೊಳಪು ಎಂದರೆ ಉಳಿದಿರುವ ನೆನಪು.

ಇತ್ತ ನೀರಿನ ಮೇಲೆ ವೆಸ್ಟ್ರಿಟ್ ಎಂಬ ವ್ಯಾಪಾರಸ್ಥರ ಮನೆತನ. ಅವರ ಹಡಗು ವಿವಾಸಿಯಾ, ಮಾಯಾಮರದಿಂದ ಮಾಡಿದ್ದು. ಮನೆಯ ಮೂರು ತಲೆಮಾರು ಅದರ ಮೇಲೆ ಪ್ರಾಣ ಬಿಟ್ಟರೆ ಹಡಗಿಗೇ ಜೀವ ಬರುತ್ತದೆ, ಮುಂಭಾಗದ ಮರದ ಗೊಂಬೆ ಮಾತಾಡುತ್ತದೆ. ಹಡಗಿನ ಸಾಲವನ್ನು ತಲೆಮಾರುಗಳಿಂದ ತೀರಿಸುತ್ತಲೇ ಇದ್ದಾರೆ. ತಂದೆಯ ಜೊತೆ ಹಡಗಿನಲ್ಲೇ ಬೆಳೆದು ಕೆಲಸ ಕಲಿತವಳು ಕಿರಿಮಗಳು ಆಲ್ಥಿಯಾ. ತಂದೆ ಸಾಯುವ ಹೊತ್ತಿಗೆ ಹಡಗು ಹೋಗುವುದು ಹಿರಿಮಗಳ ಹೆಸರಿಗೆ, ಎಂದರೆ ಅಳಿಯ ಕೈಲ್‌ನ ಕೈಗೆ. ಅಂಗಡಿಯ ಲೆಕ್ಕವೆಲ್ಲ ಮಗಳೇ ಬರೆದರೂ ಬೀಗದಕೈ ಅಳಿಯನ ಸೊಂಟಕ್ಕೆ ಹೋದ ಮನೆಗಳನ್ನು ಬಲ್ಲ ನಮಗೆ ಇದು ಹೊಸದೇನಲ್ಲ. ಆಲ್ಥಿಯಾ ಗಂಡುವೇಷ ಹಾಕಿ ಬೇರೆ ಹಡಗಿನಲ್ಲಿ ಕೂಲಿಗೆ ಸೇರುತ್ತಾಳೆ. ಅಳಿಯನೋ, ವಿವಾಸಿಯಾವನ್ನು ಗುಲಾಮರನ್ನು ಸಾಗಿಸುವ ಹಡಗು ಮಾಡುತ್ತಾನೆ. ಸತ್ತ ಗುಲಾಮರನ್ನು ಕಡಲಿಗೆ ಎಸೆಯುತ್ತಾರೆ. ಹಾವುಗಳು ಅದಕ್ಕಾಗಿ ಹಿಂದೆ ಬರುತ್ತವೆ. ನಾವಿಕರಿಗೆ ಅವು ಹೆಣ ತಿನ್ನುವ ಪಿಶಾಚಿಗಳು. ಹಾವುಗಳ ಕಡೆಯಿಂದ ಬೇರೆ: ಆ ಹಡಗಿನಿಂದ ತಮ್ಮವರ ವಾಸನೆ ಬರುತ್ತಿದೆ. ಕರೆಯುತ್ತವೆ. ಹಡಗು ಓಗೊಡುವುದಿಲ್ಲ.

ಏಕೆ ಎಂಬುದು ಎರಡನೆಯ ಸಂಪುಟದಲ್ಲಿ ಬಿಚ್ಚಿಕೊಳ್ಳುತ್ತದೆ. ಗುಟ್ಟು ಹೇಳಿಬಿಡುತ್ತೇನೆ, ಕ್ಷಮಿಸಿ. ಇದನ್ನು ಬಿಟ್ಟು ಈ ಪುಸ್ತಕದ ಬಗ್ಗೆ ಹೇಳುವುದು ಏನೂ ಉಳಿಯುವುದಿಲ್ಲ. ಈ ಹಾವುಗಳು ಡ್ರ್ಯಾಗನ್‌ಗಳ ಮರಿರೂಪ. ನದಿಯಲ್ಲಿ ಮೇಲಕ್ಕೆ ಈಜಿ, ಗೂಡು ಕಟ್ಟಿಕೊಂಡು, ರೆಕ್ಕೆ ಬಂದು ಹೊರಬರಬೇಕು. ನೆಲದಡಿ ಹೂತುಹೋದ ಊರಿನಲ್ಲಿ ಜನ ಆ ಗೂಡುಗಳನ್ನು ಕಂಡು ಮರದ ದಿಮ್ಮಿಗಳೆಂದುಕೊಂಡರು. ಕೊಯ್ದರು. ಒಳಗಿದ್ದದ್ದನ್ನು ನೆಲಕ್ಕೆ ಸುರಿದು ಹಡಗು ಕಟ್ಟಿದರು. ಆ ಮಾಯಾಮರವೇ ಇದು.

ರೇಷ್ಮೆಯ ನಾಡಿನವರಾದ ನಮಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ರಾಮನಗರದ ಮಾರುಕಟ್ಟೆಯಲ್ಲಿ ಹರಾಜಾಗುವುದಕ್ಕೂ ನಾವು ಗೂಡು ಎಂದೇ ಅನ್ನುತ್ತೇವೆ. ಹುಳು ಚಿಟ್ಟೆಯಾಗಿ ತೂತು ಮಾಡಿ ಹೊರಬಂದರೆ ಎಳೆ ತುಂಡಾಗುತ್ತದೆ. ಅದಕ್ಕೇ ಗೂಡನ್ನು ಹುಳುವಿನ ಸಮೇತ ಬೇಯಿಸಿ ನೂಲು ಬಿಚ್ಚುತ್ತಾರೆ. ನನ್ನ ಅಮ್ಮನ ಧಾರೆ ಸೀರೆ ಈಗ ನನ್ನ ಬೀರುವಿನಲ್ಲಿದೆ, ಮಗಳಿಗೆ ಕೊಡಬೇಕೆಂದು ವರ್ಷಕ್ಕೊಮ್ಮೆ ಮಡಿಕೆ ಬದಲಿಸಿ ಇಡುತ್ತೇನೆ. ಈ ಕಾದಂಬರಿ ಓದಿ ಸೀರೆಯನ್ನೇನೂ ಬಿಸಾಡಲಿಲ್ಲ. ಆಲ್ಥಿಯಾಳೂ ಹಡಗನ್ನು ಪ್ರೀತಿಸುವುದನ್ನು ಬಿಡುವುದಿಲ್ಲ. ಹಾಬ್‌ಳ ದೊಡ್ಡತನ ಇರುವುದು ಅಲ್ಲಿಯೇ. ತನಗೆ ಬರಬೇಕಾದ್ದನ್ನು ಕಸಿದುಕೊಂಡರು ಎಂಬ ಮಗಳ ಸಂಕಟವನ್ನು ಆರುನೂರು ಪುಟ ನಮ್ಮ ಎದೆಗಿಳಿಸಿ, ಆಮೇಲೆ ಮೆಲ್ಲಗೆ ತೋರಿಸುತ್ತಾಳೆ: ಆ ಸೊತ್ತು ಮೊದಲೇ ಇನ್ನೊಬ್ಬರಿಂದ ಕಸಿದದ್ದು. ಆಲ್ಥಿಯಾಳ ನ್ಯಾಯ ಸುಳ್ಳಾಗುವುದಿಲ್ಲ, ಹಾವುಗಳ ನ್ಯಾಯವೂ ಸುಳ್ಳಲ್ಲ.

ಕುಂದುಗಳೂ ಇವೆ. ಹಾವುಗಳ ಅಧ್ಯಾಯಗಳು ಚಿಕ್ಕವು. ಎಲ್ಲ ಹಾವೂ ಒಂದೇ ಗಂಭೀರ ದನಿಯಲ್ಲಿ ಮಾತಾಡುತ್ತವೆ. ಒಂದಾದರೂ ಚಾಡಿ ಹೇಳಬಾರದೆ, ಹಸಿವಾಯಿತೆಂದು ಗೊಣಗಬಾರದೆ? ಲೂಯಿಸನ ದಡ್ಡ ಸರ್ಪ ಕೆಲವೇ ಪುಟಗಳಲ್ಲಿ ಕಣ್ಣಿಗೆ ಕಟ್ಟಿದಷ್ಟು ಇವುಗಳಲ್ಲಿ ಕೆಲವು ಕಟ್ಟುವುದಿಲ್ಲ. ಮೂರನೆಯ ಸಂಪುಟದಲ್ಲಿ ಟಿಂಟಾಗ್ಲಿಯಾ ಎಂಬ ಹೆಣ್ಣು ಡ್ರ್ಯಾಗನ್ ಊರಿನವರೊಡನೆ ಒಪ್ಪಂದ ಮಾಡಿಕೊಳ್ಳುತ್ತದೆ: ಅದು ಅವರ ಶತ್ರುಗಳನ್ನು ಓಡಿಸಬೇಕು, ಅವರು ಹೂಳು ತುಂಬಿದ ನದಿಯಲ್ಲಿ ಹಾವುಗಳಿಗೆ ದಾರಿ ಮಾಡಿಕೊಡಬೇಕು. ಅಷ್ಟು ಹಳೆಯ ಕೊಲೆಯ ಲೆಕ್ಕ ಸಂತೆಯ ಚೌಕಾಸಿಯಂತೆ ಚುಕ್ತಾ ಆದದ್ದು ನನಗೆ ಒಗ್ಗಲಿಲ್ಲ.

ಆಕೆಗೂ ಒಗ್ಗಲಿಲ್ಲವೋ ಏನೋ. 2009ರಲ್ಲಿ 'ಡ್ರ್ಯಾಗನ್ ಕೀಪರ್' ಎಂಬ ಪುಸ್ತಕದಿಂದ ಮತ್ತೆ ಅದೇ ನದಿಗೆ ಮರಳಿದಳು. ಹಾವುಗಳು ಬಹಳ ವರ್ಷ ಕಡಲಲ್ಲೇ ಉಳಿದು, ಹೊತ್ತು ಮೀರಿ ಗೂಡು ಕಟ್ಟಿದ್ದವು. ಗೂಡು ಒಡೆದು ಹೊರಬಂದವು, ಹಾರಲಾರದ ಮೊಂಡು ರೆಕ್ಕೆ ಹೊತ್ತು ನದಿದಂಡೆಯ ಕೆಸರಿನಲ್ಲೇ ಬಿದ್ದುಕೊಂಡಿರುತ್ತವೆ. ಅವಕ್ಕೆ ದಿನಾ ಊಟ ಒದಗಿಸುವುದೇ ಊರಿಗೆ ದೊಡ್ಡ ತಲೆನೋವಾಗಿದೆ.