ಮುತ್ತಜ್ಜನ ಪಟ

ಜೇಡಿ ಸ್ಮಿತ್ ಅವರ ಕಾದಂಬರಿ 'ವೈಟ್ ಟೀತ್' ಬಂದದ್ದು 2000ದಲ್ಲಿ. ನಮ್ಮ ಕೈಗೆ ಸಿಕ್ಕಿದ್ದು ಮೊನ್ನೆ, ಗೆಳೆಯರೊಬ್ಬರ ಹಾಸ್ಟೆಲ್ ಕೋಣೇಲಿ, ರಟ್ಟು ಕಿತ್ತುಹೋದ ಪ್ರತಿ. ಅವರದೇ ನಿಘಂಟನ್ನು ಕಡ ತಂದು, ಪಕ್ಕದಲ್ಲಿಟ್ಟುಕೊಂಡು ಓದಿ ಮುಗಿಸಿದೆವು.

ಲಂಡನ್ನಿನ ಹೋಟೆಲಿನಲ್ಲಿ ಸಪ್ಲೈಯರ್ ಆಗಿರುವ ಸಮದ್ ಇಕ್ಬಾಲ್ ಬಂಗಾಳಿ ಮುಸಲ್ಮಾನ. ತಟ್ಟೆ ಎತ್ತುವ ಅವಮಾನವನ್ನೆಲ್ಲ ಅವನು ನುಂಗಿಕೊಳ್ಳೋದು ಒಂದೇ ಹೆಮ್ಮೆಯಿಂದ: ತಾನು 1857ರ ಮಂಗಲ್ ಪಾಂಡೆಯ ಮರಿಮಗ. ದಿನಾ ಕೂರುವ ಅಡ್ಡೆಯ ಗೋಡೆಗೆ ಪಾಂಡೆಯ ಪಟ ತೂಗುಹಾಕಿಸಲು ಒದ್ದಾಡ್ತಾನೆ. ಮಕ್ಕಳು ಇಂಗ್ಲಿಷರಾಗಿಬಿಡ್ತಾರೆಂದು ಹೆದರಿ, ಅವಳಿಗಳಲ್ಲಿ ಮಜೀದನನ್ನು ಹೆಂಡತಿಗೂ ಹೇಳದೆ ಬಾಂಗ್ಲಾದೇಶಕ್ಕೆ ಸಾಗಹಾಕ್ತಾನೆ. ಅವನು ಅಲ್ಲಿಂದ ಇಂಗ್ಲಿಷರಿಗಿಂತ ಇಂಗ್ಲಿಷನಾಗಿ ಬರ್ತಾನೆ. ಲಂಡನ್ನಿನಲ್ಲೇ ಉಳಿದ ಮಿಲ್ಲತ್ ಮತಾಂಧರ ಗುಂಪು ಸೇರ್ತಾನೆ. ದೇಶ ಅನ್ನೋದು ಅಪ್ಪ ಮಗನಿಗೆ ಬರೆದುಕೊಡುವ ಹೊಲವಲ್ಲ ಅಂತ ಇಷ್ಟು ಚೆನ್ನಾಗಿ ತೋರಿಸಿದ ಕೃತಿಯನ್ನು ನಾವು ಬೇರೆ ಓದಿಲ್ಲ. ನಕ್ಕೂ ನಕ್ಕೂ ಹೊಟ್ಟೆ ಹುಣ್ಣಾಯಿತು.

ಪಾಂಡೆಯ ವಿಷಯಕ್ಕೆ ಬಂದಾಗ ಮಾತ್ರ ನಗು ನಿಂತಿತು. ಮುಸಲ್ಮಾನನಿಗೆ ಬ್ರಾಹ್ಮಣ ಸಿಪಾಯಿ ಮುತ್ತಜ್ಜ ಹೇಗಾದ ಅನ್ನೋದು ಇರಲಿ. ಉತ್ತರದ ದಲಿತರ ಬಾಯಲ್ಲಿ ಅದೇ ಬ್ಯಾರಕ್‌ಪುರದ ಇನ್ನೊಂದು ಕತೆ ಉಂಟು. ಕಾರ್ಖಾನೆಯ ಕೂಲಿ ಮಾತಾದೀನ್ ಭಂಗಿ ಬಾಯಾರಿ ಪಾಂಡೆಯ ಲೋಟಾ ಕೇಳಿದ. ಮೈಲಿಗೆ ಎಂದು ಪಾಂಡೆ ಗದರಿದ. ದನದ ಕೊಬ್ಬು ಸವರಿದ ತೋಟಾ ಹಲ್ಲಲ್ಲಿ ಕಚ್ಚುವಾಗ ನಿನ್ನ ಮಡಿ ಎಲ್ಲಿ ಹೋಗುತ್ತಪ್ಪ ಅಂತ ಇವನು ತಿರುಗಿಸಿ ಕೇಳಿದ. ದಂಗೆಗೆ ಕಿಡಿ ಬಿದ್ದದ್ದು ಅಲ್ಲಿ. ಇತಿಹಾಸಕಾರರು ಒಪ್ತಾರೋ ಬಿಡ್ತಾರೋ, ಹಲ್ಲಿನ ಹೆಸರಿಟ್ಟುಕೊಂಡ ಕಾದಂಬರಿಯಲ್ಲಿ ಈ ಹಲ್ಲಿಗೆ ಜಾಗ ಸಿಕ್ಕಿಲ್ಲ.

ನಮಗೆ ಅಜ್ಜನ ಹೆಸರು ಗೊತ್ತು. ಅವನಪ್ಪನ ಹೆಸರು ಅವ್ವನಿಗೂ ಗೊತ್ತಿಲ್ಲ. ಜೀತಕ್ಕಿದ್ದ ಅನ್ನೋದಷ್ಟೇ ಗೊತ್ತು. ಅದಕ್ಕೇ ವಂಶದ ಪಟ ಕಂಡರೆ ಅದರ ಹಿಂದೆ ಯಾರನ್ನು ಮುಚ್ಚಿದ್ದಾರೆ ಅಂತ ನಾವು ಇಣುಕಿ ನೋಡೋದು.

ಕೊನೆಗೆ ಐರೀ ಎಂಬ ಹುಡುಗಿಯ ಹೊಟ್ಟೆಯ ಮಗು ಅವಳಿಗಳಲ್ಲಿ ಯಾರದೆಂದು ಯಾರಿಗೂ ತಿಳಿಯದು. ಬೇರಿನಿಂದ ಬಿಡುಗಡೆ ಅಂತ ಲೇಖಕಿಗೆ ಖುಷಿ. ಆ ಖುಷಿ ನಮಗೂ ಬೇಕು. ಆದರೆ ಬ್ರಿಟನ್ನಿಗೆ ಹೋದ ದಲಿತರ ಮೊಮ್ಮಕ್ಕಳಿಗೆ ಅದು ಸಿಕ್ಕಿದೆಯೇ? ಜಾತಿಯನ್ನು ಸಮಾನತೆ ಕಾಯಿದೆಯೊಳಗೆ ಸೇರಿಸಬೇಕೆಂದು 2013ರಲ್ಲಿ ಅಲ್ಲಿನ ಪಾರ್ಲಿಮೆಂಟೇ ಹೇಳಿತು. ಬೇಡವೆಂದು ಕೂಗಿದವರಲ್ಲಿ ಅಲ್ಲಿನ ಹಿಂದೂ ಸಂಘಟನೆಗಳಿದ್ದವು. 2018ರಲ್ಲಿ ಸರ್ಕಾರ, ಕೋರ್ಟುಗಳು ನೋಡಿಕೊಳ್ತವೆ ಅಂತ ಕೈತೊಳೆದುಕೊಂಡಿತು.

ಮಾತಾದೀನನ ಮರಿಮಗಳು ಲಂಡನ್ನಿನಲ್ಲಿ ಕೂತು ಬರೆದ ಕಾದಂಬರಿಯನ್ನು ಯಾರಾದರೂ ಕಂಡಿದ್ದರೆ ಪತ್ರಿಕೆಗೆ ಒಂದು ಕಾರ್ಡು ಹಾಕಿ. ನಿಘಂಟನ್ನು ನಾವಿನ್ನೂ ವಾಪಸ್ ಕೊಟ್ಟಿಲ್ಲ.